ಹಾಡು ಡಿಸ್ಕು

ನಮ್ಮ ಕಾಲೇಜಿನ ಲ್ಯಾಬ್ ಕಾಕಾ ನಿವೃತ್ತರಾದ ದಿನ ಬೀಳ್ಕೊಡುಗೆಯ ಭಾಷಣ ಮಾಡಿದವಳು ನಾನೇ. ಕನ್ನಡ ಉಪನ್ಯಾಸಕಿ ಅಂದಮೇಲೆ ಸ್ವಾಗತ, ಬೀಳ್ಕೊಡುಗೆ, ಶ್ರದ್ಧಾಂಜಲಿ ಮೂರೂ ನನ್ನ ಪಾಲಿಗೇ ಬರುತ್ತವೆ. ಕಾಯಕನಿಷ್ಠೆ, ನಿಸ್ವಾರ್ಥ ಸೇವೆ, ಎಲೆಮರೆಯ ಕಾಯಿ ಅಂತ ಕಾಲು ಗಂಟೆ ಸುರಿದೆ. ಸಭೆ ಮುಗಿದ ಮೇಲೆ ಅವರು ಕೊರಳಿನ ಹಾರ ತೆಗೆದು ಕೈಯಲ್ಲಿ ಹಿಡಿದುಕೊಂಡು ನನ್ನ ಹತ್ತಿರ ಬಂದರು.

"ಭಾಳ ಚಂದ ಮಾತಾಡಿದ್ರಿ ಮೇಡಂರಿ. ಯಾರ ಬಗ್ಗೆ ಮಾತಾಡಿದ್ರಿ ಅಂತ ಮಾತ್ರ ತಿಳೀಲಿಲ್ಲ ನೋಡ್ರಿ" ಅಂದರು.

ಸಿಟ್ಟು ಬಂತು. ನನಗೆ ಸಿಟ್ಟು ಬರುವುದು ಬೇಗ, ಹೋಗುವುದು ಬಹಳ ತಡ. ಮನೆಗೆ ಹೋಗಿ ಭಾಷಣದ ಚೀಟಿ ಮತ್ತೊಮ್ಮೆ ಓದಿಕೊಂಡೆ. ಅವರು ಹೇಳಿದ್ದು ಸರಿಯಾಗಿತ್ತು. ಅದನ್ನು ಯಾರ ಬೀಳ್ಕೊಡುಗೆಗಾದರೂ ಓದಬಹುದಿತ್ತು. ಹೋದ ತಿಂಗಳು ಕಾಕಾ ತೀರಿಕೊಂಡರು ಅಂತ ನಮ್ಮ ಕಾಲೇಜಿದ್ದ ಹಗರಿಬೊಮ್ಮನಹಳ್ಳಿಯಿಂದ ಫೋನು ಬಂದಾಗ ಮೊದಲು ನೆನಪಾದದ್ದು ಆ ಚೀಟಿಯೇ. ಈ ಸಲವಾದರೂ ಯಾರ ಬಗ್ಗೆ ಅಂತ ತಿಳಿಯುವ ಹಾಗೆ ಬರೆಯಬೇಕು.

ಅವರು ಭೌತಶಾಸ್ತ್ರ ಪ್ರಯೋಗಾಲಯದ ಅಟೆಂಡರು. ತಂಬ್ರಹಳ್ಳಿ ಕಡೆಯವರು, ಅವರ ಅಪ್ಪ ಊರವರ ಹೊಲಗಳಲ್ಲಿ ಕೂಲಿ ಮಾಡುತ್ತಿದ್ದವರು, ಸರ್ಕಾರಿ ನೌಕರಿ ಸೇರಿದ್ದು ಇವರದೇ ಮೊದಲ ತಲೆಮಾರು. ತೆಳ್ಳಗೆ, ಎತ್ತರ, ಸ್ವಲ್ಪ ಮುಂದಕ್ಕೆ ಬಾಗಿದ ಮೈ. ಅಂಗಿಯ ಜೇಬಿನಲ್ಲಿ ಪೆನ್ನಿನ ಜಾಗದಲ್ಲಿ ಒಂದು ಸಣ್ಣ ಸ್ಕ್ರೂಡ್ರೈವರು. ವಿದ್ಯಾರ್ಥಿಗಳು ಕಾಕಾ ಅನ್ನುತ್ತಿದ್ದರು, ಅದು ಉಪನ್ಯಾಸಕರ ಬಾಯಿಗೂ ಬಂತು, ಕೊನೆಗೆ ಪ್ರಿನ್ಸಿಪಾಲರೂ ನೋಟಿಸಿನಲ್ಲಿ ಹಾಗೇ ಬರೆದುಬಿಟ್ಟಿದ್ದರು.

ಯಾವ ಯಂತ್ರವನ್ನೂ ಅವರು 'ಕೆಟ್ಟೈತಿ' ಅಂದದ್ದು ನಾನು ಕೇಳಿಲ್ಲ. 'ಮುನಿಸ್ಕೊಂಡೈತಿ' ಅನ್ನುತ್ತಿದ್ದರು. ಮಿಕ್ಸರು, ರೇಡಿಯೋ, ಪ್ರಿನ್ಸಿಪಾಲರ ಮೇಜಿನ ಗಂಟೆ, ಏನೇ ತಂದುಕೊಟ್ಟರೂ ಮೊದಲು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿ, "ತಡ್ರಿ, ಏನಂತೈತಿ ಕೇಳೋಣು" ಅನ್ನುವುದು. ಆಮೇಲೆ ಹಳೆಯ ಉತ್ತರಪತ್ರಿಕೆಯ ಖಾಲಿ ಮಗ್ಗುಲಲ್ಲಿ ಆ ಯಂತ್ರದ ಚಿತ್ರ ಬರೆಯುವುದು. ಒಂದೊಂದು ಸ್ಕ್ರೂ ಬಿಚ್ಚಿದಾಗಲೂ ಚಿತ್ರದಲ್ಲಿ ಅದು ಇದ್ದ ಜಾಗದಲ್ಲೇ ಕಾಗದಕ್ಕೆ ಚುಚ್ಚಿಡುವುದು. ಹಾಗಾಗಿ ಅವರ ಕೈಯಲ್ಲಿ ಒಂದು ಸ್ಕ್ರೂ ಕಳೆದದ್ದಿಲ್ಲ, ಒಂದು ಉಳಿದದ್ದೂ ಇಲ್ಲ. ನಾನು ತೊಂಬತ್ತರ ದಶಕದ ನಡುವೆ ವರ್ಗವಾಗಿ ಆ ಕಾಲೇಜಿಗೆ ಬಂದಾಗ ನನ್ನ ಟೇಪ್‌ರೆಕಾರ್ಡರು ಕ್ಯಾಸೆಟ್ಟಿನ ರೀಲು ನುಂಗುತ್ತಿತ್ತು. ಅದನ್ನು ರಿಪೇರಿ ಮಾಡಿಕೊಟ್ಟಾಗ ಚುಚ್ಚಿದ ತೂತುಗಳಿದ್ದ ಚಿತ್ರವನ್ನೂ ಜೊತೆಗೆ ಕೊಟ್ಟರು. "ಇಟ್ಕೊಳ್ರಿ, ಮುಂದ ಯಾರಾರ ಬಿಚ್ಚಿದ್ರ ಅವ್ರಿಗೆ ದಾರಿ ಬೇಕಲ್ರಿ" ಅಂದರು. ಆ ಉತ್ತರಪತ್ರಿಕೆಯ ಇನ್ನೊಂದು ಮಗ್ಗುಲಲ್ಲಿ ಯಾರೋ ನ್ಯೂಟನ್ನಿನ ನಿಯಮವನ್ನು ತಪ್ಪು ಬರೆದಿದ್ದರು.

ಇನ್ನೊಂದು ಹೇಳಲೇಬೇಕು. ತಂಬ್ರಹಳ್ಳಿ ಕಡೆ ಹೋಗುವ ಸಂಜೆಯ ಬಸ್ಸು ಕಾಲೇಜಿನ ಕೊನೆಯ ಗಂಟೆ ಹೊಡೆಯುವ ಹೊತ್ತಿಗೆ ಸರಿಯಾಗಿ ಹೊರಟುಬಿಡುತ್ತಿತ್ತು. ಆ ದಾರಿಯ ಹೆಣ್ಣುಮಕ್ಕಳು ಓಡಿ ಓಡಿ ಅದನ್ನು ತಪ್ಪಿಸಿಕೊಳ್ಳುತ್ತಿದ್ದರು. ಲ್ಯಾಬಿನ ಗಡಿಯಾರ ನೋಡಿ ಗಂಟೆ ಹೊಡೆಯುತ್ತಿದ್ದವರು ಕಾಕಾ. ಒಂದು ವರ್ಷ ಕೊನೆಯ ಗಂಟೆ ಐದು ನಿಮಿಷ ಮೊದಲೇ ಹೊಡೆಯತೊಡಗಿತು. ಪ್ರಿನ್ಸಿಪಾಲರು ಕರೆದು ಕೇಳಿದಾಗ ಕಾಕಾ, "ಲ್ಯಾಬಿನ ಗಡಿಯಾರ ಮುನಿಸ್ಕೊಂಡೈತಿ ಸರ್, ಸಂಜಿ ಆತಂದ್ರ ಅವಸರ ಮಾಡ್ತೈತಿ" ಅಂದರಂತೆ. ಆ ಗಡಿಯಾರ ಅವರ ನಿವೃತ್ತಿಯವರೆಗೂ ಅವಸರ ಮಾಡುತ್ತಲೇ ಇತ್ತು.

ಅವರ ಹೆಂಡತಿಯನ್ನು ನಾನು ಅಕ್ಕ ಅನ್ನುತ್ತಿದ್ದೆ. ಹೂವಿನಹಡಗಲಿಯ ಮಲ್ಲಿಗೆ ತೋಟದವರ ಮಗಳು. ಹೂ ಕಟ್ಟುವಾಗ ಅಕ್ಕನ ಬೆರಳುಗಳನ್ನು ನೋಡಬೇಕಿತ್ತು. ನಮ್ಮ ಜೊತೆ ಮಾತಾಡುತ್ತ, ನಗುತ್ತ, ಒಲೆಯ ಕಡೆ ಕಣ್ಣಿಟ್ಟುಕೊಂಡೇ ಕಟ್ಟುತ್ತಿದ್ದಳು. ಬುಟ್ಟಿ ನೋಡಿದರೆ ಖಾಲಿಯಾಗಿರುತ್ತಿತ್ತು. ಇನ್ನು ಅಕ್ಕನ ಕಂಠ. ಸೋಬಾನೆ ಪದ, ಬೀಸುವ ಪದ, ತೊಟ್ಟಿಲ ಪದ, ಎಷ್ಟು ಬೇಕಾದರೂ ಹಾಡುತ್ತಿದ್ದಳು. ನಾನು ಆಗ ಹೆಣ್ಣುಮಕ್ಕಳ ಹಾಡು ಸಂಗ್ರಹಿಸುವ ಹುಚ್ಚಿಗೆ ಬಿದ್ದಿದ್ದೆ. ರಜೆ ಬಂದರೆ ಸಾಕು, ಟೇಪ್‌ರೆಕಾರ್ಡರು ಹೆಗಲಿಗೆ ಹಾಕಿಕೊಂಡು ಇಟ್ಟಿಗಿ, ಕೂಡ್ಲಿಗಿ, ಕೊಟ್ಟೂರು, ಹರಪನಹಳ್ಳಿ ಸುತ್ತಿನ ಹಳ್ಳಿಗಳಿಗೆ ಬಸ್ಸು ಹತ್ತುವುದು. ಅಕ್ಕನ ಹಾಡನ್ನು ಮಾತ್ರ ಅವರ ಮನೆಯಲ್ಲೇ ಕೂತು ಒಂದು ಮಧ್ಯಾಹ್ನ ತುಂಬಿಕೊಂಡಿದ್ದೆ. ಕಾಕಾ ಬಾಗಿಲಿಗೆ ಒರಗಿ ನಿಂತು ಕೇಳಿದ್ದರು.

ಅದಾಗಿ ಕೆಲವು ವರ್ಷಕ್ಕೆ ಅಕ್ಕನಿಗೆ ಲಕ್ವಾ ಹೊಡೆಯಿತು. ಬಲಗೈ ಸ್ವಾಧೀನ ತಪ್ಪಿತು, ಮಾತು ನಿಂತಿತು. ನಾವು ಹೇಳಿದ್ದೆಲ್ಲ ತಿಳಿಯುತ್ತಿತ್ತು, ನಗುತ್ತಿದ್ದಳು, ಅಳುತ್ತಿದ್ದಳು, ಆದರೆ ಬಾಯಿಂದ ಶಬ್ದ ಬರುತ್ತಿರಲಿಲ್ಲ. ನಾನು ನೋಡಲು ಹೋದಾಗ ಕಾಕಾನನ್ನು ಹೊರಗೆ ಕರೆದು, "ಅಕ್ಕನ ಹಾಡು ನನ್ನ ಹತ್ರ ಐತಿ, ತಂದು ಕೇಳಿಸ್ಲೇನು?" ಅಂದೆ.

"ಈಗ ಬ್ಯಾಡ್ರಿ" ಅಂದರು. "ಈಗ ಕೇಳಿದ್ರ ಆಕಿ ಹಿಂಗಾಗ್ಯಾಳ ಅಂತ ಒಪ್ಕೊಂಡಂಗಾಗ್ತೈತಿ. ಒಂದೆರಡು ಮಾತು ಬರ್ಲಿ, ಆಮ್ಯಾಲೆ ಇಬ್ರೂ ಕೂತು ಕೇಳ್ತೀವಿ. ನಿಮ್ಮ ಹತ್ರ ಇರ್ಲಿ. ಜ್ವಾಕಿ."

ನಾನು ಜೋಪಾನ ಮಾಡುತ್ತೇನೆ ಅಂದೆ.

ಬೆರಳಿಗೆ ದಿನಾ ಕೆಲಸ ಕೊಡಬೇಕು, ಇಲ್ಲದಿದ್ದರೆ ಮುದುಡಿಕೊಂಡೇ ಇದ್ದುಬಿಡುತ್ತವೆ ಅಂತ ಆಸ್ಪತ್ರೆಯಲ್ಲಿ ಹೇಳಿದ್ದರು. ಕಾಕಾ ರಬ್ಬರಿನ ಚೆಂಡು ತಂದರು, ಅಕ್ಕ ಎಡಗೈಯಿಂದ ಅದನ್ನು ಅಂಗಳಕ್ಕೆ ಎಸೆದಳು. ಮಲ್ಲಿಗೆ ಮೊಗ್ಗು, ದಾರ ತಂದು ಮುಂದಿಟ್ಟರು. ಅಕ್ಕ ಒಂದು ಗಂಟು ಹಾಕಲು ನೋಡಿ, ಆಗದೆ, ಮೊಗ್ಗುಗಳನ್ನು ಸೆರಗಿನಲ್ಲಿ ಮುಚ್ಚಿಕೊಂಡು ಅತ್ತುಬಿಟ್ಟಳಂತೆ. ಆಮೇಲೆ ಆ ಮನೆಯಲ್ಲಿ ಬಹಳ ದಿನ ಹೂ ತರಲಿಲ್ಲ.

ಆಗ ಬಂತು ಆ ಕಪ್ಪು ಪೆಟ್ಟಿಗೆ. ಕೊಟ್ಟೂರಿನ ಬಸ್‌ಸ್ಟ್ಯಾಂಡಿನ ಹತ್ತಿರ ವಿಡಿಯೋ ಗೇಮಿನ ಅಂಗಡಿ ಇಟ್ಟಿದ್ದವನೊಬ್ಬ ಅದನ್ನು ರಿಪೇರಿಗೆ ಕೊಟ್ಟಿದ್ದ. ಟಿವಿಗೆ ಹಚ್ಚಿ, ಒಳಗೆ ಸಿಡಿ ಹಾಕಿ, ಕೈಯಲ್ಲಿ ಗುಂಡಿಗಳ ಹಿಡಿಕೆ ಹಿಡಿದು ಆಡುವಂಥದ್ದು. ಅವನು ಅಂಗಡಿ ಮುಚ್ಚಿದ, ಪೆಟ್ಟಿಗೆ ಕೇಳಲು ಬರಲಿಲ್ಲ. ಕಾಕಾ ತಾವಾಗಿ ಫೋನು ಮಾಡಿದರೆ, "ಅದು ಹಳೇ ಕಾಲದ್ದಾತು ಕಾಕಾ, ಈಗ ಯಾರೂ ಮುಟ್ಟಂಗಿಲ್ಲ, ನೀವಾ ಇಟ್ಕೊಳ್ರಿ" ಅಂದನಂತೆ. ರಿಪೇರಿ ಸರಿಯಾಗಿದೆಯೋ ಇಲ್ಲವೋ ನೋಡಲು ಕಾಕಾ ಮನೆಯ ಟಿವಿಗೆ ಅದನ್ನು ಹಚ್ಚಿದ್ದರು. ಕಾರು ಓಡಿಸುವ ಆಟ. ಹಿಡಿಕೆಯನ್ನು ಮಂಚದ ಮೇಲೆ ಇಟ್ಟು ನೀರು ಕುಡಿಯಲು ಒಳಗೆ ಹೋಗಿ ಬರುವಷ್ಟರಲ್ಲಿ ಅಕ್ಕ ಅದನ್ನು ತೊಡೆಯ ಮೇಲೆ ಎಳೆದುಕೊಂಡು ಬಲಗೈ ಹೆಬ್ಬೆಟ್ಟನ್ನು ಎಡಗೈಯಿಂದ ಎತ್ತಿ ಗುಂಡಿಯ ಮೇಲೆ ಇಡುತ್ತಿದ್ದಳು.

ಅದೇನು ಆಟವೋ! ನಾನೂ ಕೂತು ನೋಡಿದ್ದೇನೆ. ಮಿಕ್ಕ ಕಾರುಗಳೆಲ್ಲ ಸುಂಯ್ ಅಂತ ಹೋಗುತ್ತಿದ್ದರೆ ಅಕ್ಕನ ಕೆಂಪು ಕಾರು ಚಕ್ಕಡಿಯ ಹಾಗೆ ಎಡಬದಿಗೆ ಮೆಲ್ಲಗೆ ಹೋಗುತ್ತಿತ್ತು. ಹಿಂದಿನವರಿಗೆ ದಾರಿ ಬಿಡುತ್ತಿದ್ದಳು. ಸಮುದ್ರ ಬಂದ ಕಡೆ ಕಾರು ನಿಲ್ಲಿಸಿ ಸುಮ್ಮನೆ ನೋಡುತ್ತಿದ್ದಳು. ಪರದೆಯ ಮೇಲೆ ಇಂಗ್ಲಿಷಿನಲ್ಲಿ ನೀನು ಸೋತೆ ಅಂತ ಬರುತ್ತಿತ್ತು, ಅಕ್ಕ ಮತ್ತೆ ಮೊದಲಿನಿಂದ ಹೊರಡುತ್ತಿದ್ದಳು.

"ಹೂ ಕಟ್ಟು ಅಂದ್ರ ಕೈಗೆ ಮೊದ್ಲು ಹೆಂಗಿದ್ದೆ ಅಂತ ನೆನಪಾಗ್ತೈತ್ರಿ" ಅಂದರು ಕಾಕಾ. "ಇದು ಹೊಸಾದು. ಆಕಿ ಯಾವತ್ತೂ ಕಾರು ಹೊಡದಾಕಿ ಅಲ್ಲ. ಇದ್ರಾಗ ಸೋತ್ರ ನಾಚಿಕಿಲ್ಲ ನೋಡ್ರಿ."

ಆರು ತಿಂಗಳಲ್ಲಿ ಹೆಬ್ಬೆಟ್ಟು ತಾನಾಗಿ ಗುಂಡಿ ಒತ್ತತೊಡಗಿತು. ತೋರುಬೆರಳು ಬಿಚ್ಚಿಕೊಂಡಿತು, ಆಮೇಲೆ ಉಳಿದವೂ. ಅಷ್ಟರಲ್ಲಿ ಪೆಟ್ಟಿಗೆ ಮುನಿಸಿಕೊಂಡಿತು. ಸಿಡಿ ಓದುವ ಲೆನ್ಸು ಸವೆದಿತ್ತು. ಕಾಕಾ ಮೊದಲು ಪೆಟ್ಟಿಗೆಯನ್ನು ನೆಟ್ಟಗೆ ನಿಲ್ಲಿಸಿದರು, ಕೆಲವು ದಿನ ಓದಿತು. ಬೋರಲು ಹಾಕಿದರು, ಇನ್ನು ಕೆಲವು ದಿನ ಓದಿತು. ಆಮೇಲೆ ಯಾವ ಮಗ್ಗುಲಿಗೆ ಮಲಗಿಸಿದರೂ ಓದಲಿಲ್ಲ. ಹೊಸ ಲೆನ್ಸು ಹೊಸಪೇಟೆಯಲ್ಲೂ ಸಿಗಲಿಲ್ಲ. ಒಂದು ವಾರ ಆಟವಿಲ್ಲದೆ ಹೋದದ್ದಕ್ಕೆ ಅಕ್ಕನ ಬೆರಳುಗಳು ಮತ್ತೆ ಒಳಕ್ಕೆ ಬಾಗತೊಡಗಿದವು. ಕಾಕಾ ಅದನ್ನು ನನಗೆ ತಮ್ಮ ಕೈಯಲ್ಲೇ ಮಾಡಿ ತೋರಿಸಿದರು.

ಸೈಬರ್ ಸೆಂಟರಿಗೆ ಹೋಗಿ ಹುಡುಕಿಸಿ ಅವರು ಹತ್ತು ಹನ್ನೆರಡು ಹಾಳೆ ಪ್ರಿಂಟು ತಂದರು. ಸಿಡಿಯ ಗೊಡವೆಯೇ ಬೇಡ. ಆಟವನ್ನು ಕಂಪ್ಯೂಟರಿಗೆ ಹೊರಗಿನಿಂದ ಹಚ್ಚುವ ಹಾರ್ಡ್ ಡಿಸ್ಕಿಗೆ ಇಳಿಸಿ, ಆ ಡಿಸ್ಕನ್ನು ಪೆಟ್ಟಿಗೆಯ ಮುಂದಿನ ಕಿಂಡಿಗೆ ಸಿಕ್ಕಿಸಿದರೆ ಪೆಟ್ಟಿಗೆ ಅಲ್ಲಿಂದಲೇ ಆಟ ಓದಿಕೊಳ್ಳುತ್ತದೆ ಅಂತ ಅದರಲ್ಲಿತ್ತು. ಎಲ್ಲ ಇಂಗ್ಲಿಷು. "ನೀವು ಕನ್ನಡದಾಗ ಬರ್ಕೊಡ್ರಿ, ಉಳದದ್ದು ನಾ ನೋಡ್ಕೊಂತೀನಿ" ಅಂದರು.

ಇಲ್ಲಿ ನನ್ನ ರೋಗದ ಬಗ್ಗೆ ಹೇಳಬೇಕು. ನನಗೆ ಎಲ್ಲವನ್ನೂ ಕನ್ನಡ ಮಾಡುವ ಚಟ. ಸ್ಟಾಫ್‌ರೂಮಿನ ಸ್ವಿಚ್‌ಬೋರ್ಡಿನ ಮೇಲೂ 'ದೀಪ', 'ಗಾಳಿ' ಅಂತ ಚೀಟಿ ಅಂಟಿಸಿ ಎಲ್ಲರ ಬಾಯಿಗೆ ಬಿದ್ದವಳು. ಆ ಹಾಳೆಗಳಲ್ಲಿ ಮೊದಲ ಹೆಜ್ಜೆಯೇ ಡಿಸ್ಕನ್ನು 'ಫಾರ್ಮ್ಯಾಟ್' ಮಾಡುವುದು. ಅಳಿಸುವುದು ಅಂತ ಬರೆಯಬಹುದಿತ್ತು. ನಾನು ಅಷ್ಟಕ್ಕೆ ಬಿಡುವವಳೇ? ಒಂದು ಸಂಜೆ ಯೋಚಿಸಿ, 'ಹಸನು ಮಾಡುವುದು: ಬಿತ್ತುವ ಮುಂಚೆ ಹೊಲವನ್ನು ಹದಗೊಳಿಸುವಂತೆ ಡಿಸ್ಕನ್ನು ಸಿದ್ಧಪಡಿಸುವುದು' ಅಂತ ಬರೆದೆ. ಬರೆದು, ಎರಡು ಸಲ ಓದಿಕೊಂಡು, ಖುಷಿಪಟ್ಟೆ.

ನನ್ನ ಅಲಮಾರದಲ್ಲಿ ಎರಡು ಡಿಸ್ಕುಗಳಿದ್ದವು. ಒಂದು, ವಿಭಾಗಕ್ಕೆ ಹೊಸದಾಗಿ ಬಂದದ್ದು, ಇನ್ನೂ ರಟ್ಟಿನ ಡಬ್ಬಿಯಲ್ಲೇ ಇತ್ತು. ಕೆಲಸ ಮುಗಿಯುವ ತನಕ ಅದನ್ನು ಕಾಕಾಗೆ ಕೊಡೋಣ ಅಂತ ಪ್ರಿನ್ಸಿಪಾಲರನ್ನು ಒಪ್ಪಿಸಿದ್ದೆ. ಇನ್ನೊಂದು ನನ್ನ ಸ್ವಂತದ್ದು. ಹತ್ತು ವರ್ಷ ಊರೂರು ತಿರುಗಿ ಕೂಡಿಸಿದ ಹಾಡುಗಳನ್ನೆಲ್ಲ ಅದಕ್ಕೆ ಏರಿಸಿದ್ದೆ. ಏರಿಸಿದ ಮೇಲೆ ಕ್ಯಾಸೆಟ್ಟು ಯಾಕೆ ಸುಮ್ಮನೆ ಇಡಬೇಕು ಅಂತ ಅದರ ಮೇಲೆಯೇ ಮುಂದಿನ ಊರಿನ ಹಾಡು ತುಂಬಿಕೊಳ್ಳುವುದು ನನ್ನ ಜಾಣತನ. ಆ ಡಿಸ್ಕಿನ ಮೇಲೆ ದಪ್ಪ ಅಕ್ಷರದಲ್ಲಿ 'ಹಾಡು ಡಿಸ್ಕು' ಅಂತ ಬರೆದು ಅಂಟಿಸಿದ್ದೆ.

ಆ ದಿನಗಳಲ್ಲಿ ನಾನು ಉತ್ತರಪತ್ರಿಕೆ ತಿದ್ದಲು ಬಳ್ಳಾರಿಗೆ ಹೋಗಿದ್ದೆ. ಕಾಕಾ ಫೋನು ಮಾಡಿ, ಡಿಸ್ಕು ತಗೊಳ್ಳಲೇ ಅಂತ ಕೇಳಿದರು. ಸುತ್ತ ಗದ್ದಲ. ಪುಸ್ತಕದಲ್ಲಿ ಕನ್ನಡ ಕನ್ನಡ ಅನ್ನುವವಳು ಬಾಯಲ್ಲಿ ಮಾತ್ರ ಈ ಸೀಮೆಯವರೆಲ್ಲರ ಹಾಗೆಯೇ. ನಮ್ಮ ಕಡೆ 'ಹಾರ್ಡ್' ಅಂತ ನಾಲಿಗೆ ಹೊರಳಿಸಿ ಅನ್ನುವವರು ಯಾರಿದ್ದಾರೆ?

"ಮ್ಯಾಲಿನ ಖಾನೆದಾಗ ಹಾಡ್ ಡಿಸ್ಕ್ ಐತಿ ನೋಡ್ರಿ ಕಾಕಾ, ಕೀಲಿ ಆಫೀಸಿನ್ಯಾಗ ಇಸ್ಕೊಳ್ರಿ, ತಗೊಂಡು ಹೋಗ್ರಿ" ಅಂದೆ.

ಅವರು ಅಲಮಾರ ತೆಗೆದರು. ಒಂದು ಡಬ್ಬಿ, ಮೊಹರು ಒಡೆಯದ್ದು, ಇಂಗ್ಲಿಷ್ ಅಕ್ಷರದ್ದು. ಇನ್ನೊಂದರ ಮೇಲೆ ನಾನು ಫೋನಿನಲ್ಲಿ ಅಂದದ್ದೇ ನನ್ನ ಕೈಬರಹದಲ್ಲಿ ಬರೆದಿದೆ. ಮೇಡಂ ಎಲ್ಲದಕ್ಕೂ ಕನ್ನಡದಲ್ಲಿ ಹೆಸರು ಅಂಟಿಸುತ್ತಾರೆ ಅಂತ ಕಾಲೇಜಿಗೆಲ್ಲ ಗೊತ್ತು. ಯಾರಾದರೂ ಅದನ್ನೇ ತಗೊಳ್ಳುತ್ತಿದ್ದರು.

ನಾಲ್ಕು ದಿನ ಬಿಟ್ಟು ಬಂದು ಅಲಮಾರ ತೆಗೆದಾಗ ರಟ್ಟಿನ ಡಬ್ಬಿ ಇದ್ದ ಜಾಗದಲ್ಲೇ ಇತ್ತು. ಒಂದು ಕ್ಷಣ ಏನೂ ಹೊಳೆಯಲಿಲ್ಲ. ಆಮೇಲೆ ಹಾಡು ಡಿಸ್ಕು ಇಟ್ಟಿದ್ದ ಕಡೆ ನೋಡಿದೆ, ಖಾಲಿ. ಸಿಟ್ಟು ಬಂತು. ಬಿಸಿಲಲ್ಲಿ ಅವರ ಮನೆಗೆ ಹೋದೆ. ದಾರಿಯುದ್ದಕ್ಕೂ ಏನು ಬೈಯಬೇಕು ಅಂತ ಜೋಡಿಸಿಕೊಂಡಿದ್ದೆ.

ಕಾಕಾ ನನ್ನನ್ನು ನೋಡಿ ಹಿಗ್ಗಿಬಿಟ್ಟರು. "ಬರ್ರಿ ಬರ್ರಿ, ಒಳಗ ಬರ್ರಿ. ಓಡಕ್ಕತ್ತೈತಿ ನೋಡ್ರಿ! ರಸ್ತೆ ಬರೂದು ಸ್ವಲ್ಪ ತಡ, ಆದ್ರ ಆಕಿಗೇನ ಅವಸರ ಐತಿ ಹೇಳ್ರಿ?" ಪೆಟ್ಟಿಗೆಯ ಮುಂದೆ ನನ್ನ ಡಿಸ್ಕು ಸಣ್ಣ ಹಸಿರು ದೀಪ ಮಿಟುಕಿಸುತ್ತ ಕೂತಿತ್ತು. ಮೇಲೆ ನನ್ನದೇ ಚೀಟಿ. ಅಕ್ಕ ಮಂಚದ ಮೇಲಿದ್ದಳು. ಕೆಂಪು ಕಾರು ಸಮುದ್ರದ ದಂಡೆಯ ಮೇಲೆ ಹೋಗುತ್ತಿತ್ತು. ನನ್ನನ್ನು ನೋಡಿ ನಕ್ಕು, ಬಲಗೈ ಬೆರಳುಗಳನ್ನು ಬಿಚ್ಚಿ ತೋರಿಸಿದಳು. ಐದೂ ಬೆರಳು ನೆಟ್ಟಗಿದ್ದವು.

ಅಷ್ಟನ್ನು ನೋಡಿದ ಮೇಲೂ ನನ್ನ ನಾಲಿಗೆ ಸುಮ್ಮನಿರಲಿಲ್ಲ. ಇವತ್ತಿಗೂ ಅದಕ್ಕೆ ನನ್ನನ್ನು ನಾನು ಕ್ಷಮಿಸಿಕೊಂಡಿಲ್ಲ.

"ಕಾಕಾ, ಅದ್ರಾಗ ಹಾಡಿದ್ವು" ಅಂದೆ.

"ಯಾವ ಹಾಡ್ರಿ?"

"ಎಲ್ಲಾ ಹಾಡು. ನಾನು ಕೂಡಿಸಿದ್ದೆಲ್ಲಾ. ಅಕ್ಕಂದೂ."

ಅವರು ನಕ್ಕರು. "ಆಕಿದು ಕ್ಯಾಸೆಟ್‌ನ್ಯಾಗ ಅಲ್ಲೇನ್ರಿ? ನಾ ಎದುರಿಗೇ ನಿಂತಿದ್ನಲ್ಲ."

"ಕ್ಯಾಸೆಟ್ಟಿನ ಮ್ಯಾಲೆ ಬ್ಯಾರೆ ಊರಿಂದು ತುಂಬೇನಿ. ಇದ್ದದ್ದು ಇದೊಂದರಾಗ."

ಅವರು ತಿರುಗಿ ಡಿಸ್ಕಿನ ಮೇಲಿನ ಚೀಟಿ ನೋಡಿದರು. "ಹಸನ ಮಾಡು ಅಂತ ಬರ್ದಿದ್ರಲ್ರಿ" ಅಂದರು. "ಹೊಲ ಹಸನ ಮಾಡಿದ್ರ ಮಣ್ಣೇನು ಎಲ್ಲಿಗೂ ಹೋಗಂಗಿಲ್ಲಲ್ರಿ ಮೇಡಂರಿ..."

ಟಿವಿಯಲ್ಲಿ ಕಾರು ಗೋಡೆಗೆ ಗುದ್ದಿದ ಸದ್ದಾಯಿತು. ತಿರುಗಿ ನೋಡಿದರೆ ಅಕ್ಕ ಹಿಡಿಕೆಯನ್ನು ಮಂಚದ ಮೇಲೆ ಇಟ್ಟುಬಿಟ್ಟಿದ್ದಳು. ಅವಳಿಗೆ ಎಲ್ಲ ತಿಳಿದಿತ್ತು. ನನ್ನ ಸಿಟ್ಟು ಎಲ್ಲಿ ಹೋಯಿತೋ ಗೊತ್ತಿಲ್ಲ, ಅಷ್ಟು ಬೇಗ ಅದು ಯಾವತ್ತೂ ಹೋದದ್ದಿಲ್ಲ. ತಪ್ಪು ಯಾರದು ಅಂತ ಹುಡುಕಲು ಹೋದರೆ ಪ್ರತಿ ಹೆಜ್ಜೆಯಲ್ಲೂ ನನ್ನ ಚಪ್ಪಲಿಯ ಗುರುತೇ ಇತ್ತು. ಚೀಟಿ ನನ್ನದು, ಮಾತು ನನ್ನದು, ಹಸನೂ ನನ್ನದು. ಜೋಪಾನ ಮಾಡುತ್ತೇನೆ ಅಂದವಳೂ ನಾನೇ.

ಕಾಕಾ ಹೋಗಿ ಡಿಸ್ಕು ಬಿಚ್ಚಿದರು. ಪಂಚೆಯ ತುದಿಯಲ್ಲಿ ಸುತ್ತಿದರು. "ಇನ್ನ ಇದ್ರ ಮ್ಯಾಲೆ ಒಂದಕ್ಷರ ಬೀಳಬಾರ್ದು" ಅಂದರು.

ಮರುದಿನವೇ ನಾನು ಹೊಸ ಡಿಸ್ಕಿನ ಡಬ್ಬಿ ಒಡೆದು ಕೊಟ್ಟೆ. ಅವರು ಅದಕ್ಕೆ ಆಟ ಇಳಿಸಿ ಅಕ್ಕನ ಕೈಗೆ ಹಿಡಿಕೆ ಕೊಟ್ಟ ಮೇಲೆಯೇ ನನ್ನ ಡಿಸ್ಕಿನ ಕೆಲಸಕ್ಕೆ ಕೂತದ್ದು. ಕಂಪ್ಯೂಟರ್ ಪಾಠ ಮಾಡಲು ಹೊಸದಾಗಿ ಬಂದಿದ್ದ ಮೇಡಂ ಒಬ್ಬರು ಧೈರ್ಯ ಹೇಳಿದರು. ಅಳಿಸಿದ್ದು ನಿಜವಾಗಿ ಅಳಿಯುವುದಿಲ್ಲವಂತೆ, ಹೊಸದು ಎಲ್ಲಿ ಬಂದು ಕೂತಿದೆಯೋ ಆ ಜಾಗದ್ದು ಮಾತ್ರ ಹೋಗುತ್ತದಂತೆ. ಉಳಿದದ್ದನ್ನು ಮೇಲೆತ್ತುವ ಒಂದು ಪ್ರೋಗ್ರಾಮು ಹಾಕಿಕೊಟ್ಟರು. ಎತ್ತಿದಾಗ ಹಾಡುಗಳೇನೋ ಬಂದವು, ಹೆಸರುಗಳು ಬರಲಿಲ್ಲ. ಬರೀ ಸಂಖ್ಯೆಗಳು. ಕೆಲವು ಪೂರ್ತಿ, ಕೆಲವು ಅರ್ಧ, ಕೆಲವು ಬರೀ ಕೆಮ್ಮು.

ಕಾಕಾ ಪ್ರತಿದಿನ ಲ್ಯಾಬಿನ ಕೆಲಸ ಮುಗಿಸಿ ಕಂಪ್ಯೂಟರಿನ ಮುಂದೆ ಕೂತು ಒಂದೊಂದನ್ನೇ ಕೇಳಿದರು. ಹಳೆಯ ಉತ್ತರಪತ್ರಿಕೆಯ ಹಿಂಬದಿಯಲ್ಲಿ ಸಂಖ್ಯೆ, ಹಾಡಿನ ಮೊದಲ ಮಾತು ಬರೆದುಕೊಂಡರು. ಯಾವ ಊರಿನದು ಅಂತ ತಿಳಿಯದಿದ್ದರೆ ಸಿಡಿಗೆ ಹಾಕಿಕೊಂಡು ಮನೆಗೆ ಒಯ್ಯುವರು. ಊರುಗಳ ಹೆಸರು ಬರೆದ ರಟ್ಟಿನ ತುಂಡುಗಳನ್ನು ಅಕ್ಕನ ಮುಂದೆ ಹರಡುವರು. ಅಕ್ಕ ಕೇಳಿ, ಬಲಗೈಯ ತೋರುಬೆರಳನ್ನು ಒಂದು ತುಂಡಿನ ಮೇಲೆ ಇಡುವಳು. ಹಾಡುವ ಮೊದಲು ಯಾವಳೋ 'ಐತೆ' ಅಂದರೆ ಹರಪನಹಳ್ಳಿ, 'ಐತಿ' ಅಂದರೆ ನಮ್ಮ ಕಡೆಯದು. ಎಳೆದ ರೀತಿಯಲ್ಲೇ ಇಟ್ಟಿಗಿಯ ದನಿ ಯಾವುದು, ಕೂಡ್ಲಿಗಿ ಕಡೆಯದು ಯಾವುದು ಅಂತ ಹೇಳುತ್ತಿದ್ದಳು. ನನ್ನ ನೆನಪು ತಪ್ಪಿದ ಕಡೆಯೂ ಅಕ್ಕನ ಬೆರಳು ತಪ್ಪಲಿಲ್ಲ. ಇವತ್ತು ನನ್ನ ಸಂಗ್ರಹದಲ್ಲಿ ಹಾಡುಗಳ ಎದುರಿಗೆ ಇರುವ ಊರಿನ ಹೆಸರುಗಳು ಅಕ್ಕ ಕೊಟ್ಟವು.

ಅಕ್ಕನ ಹಾಡು ಮಾತ್ರ ಬರಲಿಲ್ಲ. ಒಂದು ವಾರ, ಎರಡು ವಾರ. ನಾನು ಕೇಳುವುದನ್ನೇ ಬಿಟ್ಟೆ. ಕಾಕಾ ಸಂಜೆ ಸ್ಟಾಫ್‌ರೂಮಿನ ಬಾಗಿಲಲ್ಲಿ ಹಾದುಹೋಗುವಾಗ ತಲೆ ಅಡ್ಡ ಆಡಿಸುವರು, ನಾನು ಪುಸ್ತಕದಲ್ಲಿ ಮುಖ ಹುದುಗಿಸುವೆ. ಕಾರಿನ ಆಟ ಸರಿಯಾಗಿ ಆ ಜಾಗದಲ್ಲೇ ಬಂದು ಕೂತಿರಬೇಕು ಅಂತ ಕಂಪ್ಯೂಟರ್ ಮೇಡಂ ನನ್ನ ಕಿವಿಯಲ್ಲಿ ಹೇಳಿದ್ದರು. ನಾನು ಅದನ್ನು ಕಾಕಾಗೆ ಹೇಳಲಿಲ್ಲ. ಹೇಳದಿದ್ದರೂ ಅವರಿಗೆ ತಿಳಿದಿತ್ತು. ಅವರು ನನ್ನನ್ನು ಒಂದು ಮಾತೂ ಅನ್ನಲಿಲ್ಲ. ಒಮ್ಮೆ ಮಾತ್ರ, "ತಪ್ಪು ನಂದೂ ಐತ್ರಿ. ಹತ್ರ ಇದ್ದಾಗ ಕೇಳ್ಸಿಬಿಡ್ಬೇಕಿತ್ತು. ನಾಳೆ ನಾಳೆ ಅಂದೆ" ಅಂದರು.

ಏಪ್ರಿಲ್ ತಿಂಗಳ ಒಂದು ಭಾನುವಾರ ಮಧ್ಯಾಹ್ನ ಬರಹೇಳಿದರು. ಕೊನೆಯ ಕೆಲವು ಚೂರುಗಳು ಉಳಿದಿವೆ, ಮೂವರೂ ಕೂತು ಕೇಳಿ ಮುಗಿಸಿಬಿಡೋಣ ಅಂತ. ಬಳ್ಳಾರಿ ಜಿಲ್ಲೆಯ ಏಪ್ರಿಲ್ ಹೇಗಿರುತ್ತದೆ ಅಂತ ಹೇಳಬೇಕಾಗಿಲ್ಲ. ಬಾಗಿಲು ಕಿಟಕಿ ಮುಚ್ಚಿ, ತಲೆಯ ಮೇಲಿನ ಫ್ಯಾನನ್ನು ಪೂರ್ತಿ ಜೋರಾಗಿ ಹಾಕಿದ್ದರು. ಅದು ಗಡಗಡ ಅನ್ನುತ್ತಿತ್ತು. ಅಕ್ಕ ಮಂಚದ ಮೇಲೆ, ನಾನು ಕೆಳಗೆ ಚಾಪೆಯ ಮೇಲೆ. ಕಾಕಾ ಸಿಡಿ ಪ್ಲೇಯರಿನ ಮುಂದೆ ಕಾಗದ, ಪೆನ್ಸಿಲು ಹಿಡಿದು ಕೂತಿದ್ದರು.

ಮೊದಲನೆಯದು ಗೊರಗೊರ ಸದ್ದು. ಎರಡನೆಯದು ಕೊಟ್ಟೂರಿನ ಅಜ್ಜಿಯೊಬ್ಬಳ ಹಾಡಿನ ಬಾಲ, ಅಕ್ಕ ಬೆರಳು ಇಟ್ಟಳು, ಕಾಕಾ ಬರೆದುಕೊಂಡರು. ಮೂರನೆಯದರಲ್ಲಿ ನನ್ನ ದನಿ ಬಂತು. "ಶುರು ಮಾಡೋಣೇನಕ್ಕ?" ಅಂತ ಕೇಳುತ್ತಿದ್ದೇನೆ. ಬಳೆಯ ಸದ್ದು. ಯಾರೋ ಗಂಟಲು ಸರಿಮಾಡಿಕೊಂಡರು. ಆಮೇಲೆ ನಗುವಿನ ಜೊತೆ ಒಂದು ಹೆಣ್ಣುದನಿ:

"ರೀ... ಬಾಗಿಲಿಗೆ ನಿಂತೀರೇನ್ರಿ? ಆ ಫ್ಯಾನ್ ಬಂದ್ ಮಾಡ್ರಿ, ಹಾಡಿನ್ಯಾಗ ಸಪ್ಪಳ ಬರ್ತೈತಿ."

ಕಾಕಾ ಎದ್ದರು. ಎರಡು ಹೆಜ್ಜೆ ಇಟ್ಟು ಗೋಡೆಯ ಹತ್ತಿರ ಹೋಗಿ ಫ್ಯಾನಿನ ಗುಂಡಿ ಒತ್ತಿದರು. "ಮಾಡೇನಿ, ಹಾಡು" ಅಂದರು.

ಪ್ಲೇಯರಿನಲ್ಲಿ ಅಷ್ಟಕ್ಕೇ ಚೂರು ಮುಗಿದಿತ್ತು. ಹಾಡು ಶುರುವಾಗಬೇಕಾದ ಕಡೆ ಏನೂ ಇರಲಿಲ್ಲ. ಫ್ಯಾನಿನ ರೆಕ್ಕೆಗಳು ನಿಧಾನಕ್ಕೆ ತಿರುಗಿ ತಿರುಗಿ ನಿಂತವು. ಕಾಕಾ ಗುಂಡಿಯ ಮೇಲಿನ ಕೈ ತೆಗೆಯದೆ ಗೋಡೆಗೆ ಮುಖ ಮಾಡಿ ನಿಂತೇ ಇದ್ದರು. ಅಕ್ಕ ಮಂಚದಿಂದ ಬಲಗೈ ಚಾಚಿ ಅವರ ಅಂಗಿಯ ತುದಿ ಹಿಡಿದು ಎಳೆದಳು. ಅವರು ಬಂದು ಪಕ್ಕದಲ್ಲಿ ಕೂತರು. ನಾನು ಪ್ಲೇಯರಿನ ಗುಂಡಿ ಒತ್ತಿ ಅದನ್ನು ಮತ್ತೊಮ್ಮೆ ಹಾಕಿದೆ, ಆಮೇಲೆ ಇನ್ನೊಮ್ಮೆ. ಆ ಮಧ್ಯಾಹ್ನ ಮೂವರೂ ಬೆವರಲ್ಲಿ ತೊಯ್ದುಹೋದೆವು. ಯಾರೂ ಎದ್ದು ಫ್ಯಾನು ಹಾಕಲಿಲ್ಲ.